ಎಂಟನೇ ತರಗತಿಯ ಹುಡುಗನನ್ನು ಶಾಲೆಯಿಂದ ಹೊರಹಾಕಬಹುದೇ?

ಪ್ರಶ್ನೆ (ಒಬ್ಬ ತಾಯಿ, ತುಮಕೂರು):
ನನ್ನ ಮಗನಿಗೆ 13 ವರ್ಷ, ಖಾಸಗಿ ಶಾಲೆಯೊಂದರಲ್ಲಿ ಎಂಟನೇ ತರಗತಿ. ತರಗತಿಗೆ ಮೊಬೈಲ್ ಒಯ್ದಿದ್ದಲ್ಲದೆ, ಅದನ್ನು ಕಿತ್ತುಕೊಂಡ ಶಿಕ್ಷಕರಿಗೆ ಎದುರುತ್ತರ ಕೊಟ್ಟನೆಂದು ಮೊದಲು ಒಂದು ವಾರ ಮನೆಯಲ್ಲಿರಿಸಿದರು. ಈಗ ನಮ್ಮನ್ನು ಕರೆಸಿ, ‘ನಾವು ಹೊರಹಾಕಿದರೆ ಹುಡುಗನಿಗೆ ಕಪ್ಪುಚುಕ್ಕೆ, ನೀವೇ ಟಿ.ಸಿ. ಕೇಳಿ ಅರ್ಜಿ ಬರೆದುಕೊಡಿ’ ಎನ್ನುತ್ತಿದ್ದಾರೆ. ಅವನು ಮಾಡಿದ್ದು ತಪ್ಪೇ. ಆದರೆ ವರ್ಷದ ನಡುವೆ ಎಲ್ಲಿಗೆ ಸೇರಿಸಲಿ?

ಉತ್ತರ (ವಕೀಲರು, ಧಾರವಾಡ):
ದಯವಿಟ್ಟು ಆ ಅರ್ಜಿಯನ್ನು ಬರೆದುಕೊಡಬೇಡಿ. 2009ರ ಶಿಕ್ಷಣ ಹಕ್ಕು ಕಾಯ್ದೆಯ 16ನೇ ಕಲಮಿನಂತೆ ಎಂಟನೇ ತರಗತಿ ಮುಗಿಯುವವರೆಗೆ ಯಾವ ಮಗುವನ್ನೂ ಶಾಲೆಯಿಂದ ಹೊರಹಾಕುವಂತಿಲ್ಲ. 2019ರ ತಿದ್ದುಪಡಿ ಐದು ಮತ್ತು ಎಂಟನೇ ತರಗತಿಗಳಲ್ಲಿ ಅನುತ್ತೀರ್ಣಗೊಳಿಸಲು ಅವಕಾಶ ನೀಡಿತೇ ಹೊರತು ಈ ನಿಷೇಧವನ್ನು ಸಡಿಲಿಸಲಿಲ್ಲ. ಆದ್ದರಿಂದಲೇ ಶಾಲೆಗಳು ‘ಪೋಷಕರ ಕೋರಿಕೆ’ ಎಂಬ ಕಾಗದವನ್ನು ಬಯಸುತ್ತವೆ: ಅದು ಕೈಗೆ ಬಂದರೆ ದಾಖಲೆಯಲ್ಲಿ ಹೊರಹಾಕಿದ್ದು ಎಲ್ಲಿಯೂ ಕಾಣುವುದಿಲ್ಲ. ಅವರು ಹೇಳಿದ್ದನ್ನು ಲಿಖಿತವಾಗಿ ಕೇಳಿ, ಕೊಡದಿದ್ದರೆ ಕ್ಷೇತ್ರ ಶಿಕ್ಷಣಾಧಿಕಾರಿಗೆ ದೂರು ನೀಡಿ ಸ್ವೀಕೃತಿ ಪಡೆಯಿರಿ. ಒಂದು ವಿಷಯ ಮಾತ್ರ ಖಚಿತಪಡಿಸಿಕೊಳ್ಳಿ: ಸುಪ್ರೀಂ ಕೋರ್ಟ್‌ನ 2014ರ ತೀರ್ಪಿನಂತೆ ಅಲ್ಪಸಂಖ್ಯಾತ ಸಂಸ್ಥೆಗಳ ಶಾಲೆಗಳಿಗೆ ಈ ಕಾಯ್ದೆ ಅನ್ವಯಿಸುವುದಿಲ್ಲ.

ಉತ್ತರ (ನಿವೃತ್ತ ಮುಖ್ಯ ಶಿಕ್ಷಕ, ಹಾಸನ):
ಕಾನೂನಿನ ಮಾತು ಸರಿ. ಆದರೆ ಗಲಾಟೆ ಯಾವ ಪೀರಿಯಡ್‌ನಲ್ಲಿ ನಡೆಯಿತೆಂದು ಹುಡುಗನನ್ನೇ ಕೇಳಿ ನೋಡಿದಿರಾ ತಾಯಿ? ಪಾಠವನ್ನು ಗಟ್ಟಿಯಾಗಿ ಓದುವ ಸರದಿ ತನ್ನ ಬೆಂಚಿಗೆ ಬರುವ ಹೊತ್ತಿಗೆ ಸರಿಯಾಗಿ ಪಕ್ಕದವನೊಡನೆ ಜಗಳ ತೆಗೆಯುವ ಮಕ್ಕಳನ್ನು ನಾನು ಕಂಡಿದ್ದೇನೆ. ಓದಲು ಬರುವುದಿಲ್ಲವೆಂದು ಎಲ್ಲರೆದುರು ಬಯಲಾಗುವುದಕ್ಕಿಂತ ಹೊರಗೆ ನಿಲ್ಲುವುದೇ ಅವರಿಗೆ ಮೇಲು. ಅಂಥವನನ್ನು ವಾರಗಟ್ಟಲೆ ಮನೆಗೆ ಕಳುಹಿಸಿದರೆ ಅವನು ಬೇಡಿದ್ದನ್ನೇ ಕೊಟ್ಟಂತಾಗುತ್ತದೆ, ಪಾಠವೂ ಇನ್ನಷ್ಟು ಹಿಂದೆ ಬೀಳುತ್ತದೆ. ಮೊಬೈಲನ್ನು ಕಚೇರಿಯಲ್ಲಿಟ್ಟು ಪೋಷಕರ ಕೈಗೇ ಕೊಡುವುದು, ಸಂಬಂಧಪಟ್ಟ ಶಿಕ್ಷಕರೊಡನೆ ಹುಡುಗನನ್ನು ಕೂರಿಸಿ ಮಾತನಾಡಿಸುವುದು, ಸಂಜೆ ಅರ್ಧ ಗಂಟೆ ಓದಿಸುವುದು, ಇಷ್ಟಕ್ಕೆ ಶಾಲೆ ಒಪ್ಪುವುದೇ ಎಂದು ದೂರಿಗೆ ಮೊದಲು ಕೇಳಿ. ಒಂಬತ್ತನೇ ತರಗತಿಗೆ ಹೋದ ಮೇಲೆ ಈ ಕಾಯ್ದೆಯ ರಕ್ಷಣೆಯೂ ಇರುವುದಿಲ್ಲ. ಎಸ್ಸೆಸ್ಸೆಲ್ಸಿಯಲ್ಲಿ ಶೇ. 100 ಫಲಿತಾಂಶದ ಫ್ಲೆಕ್ಸ್ ಕಟ್ಟಿಸುವ ಆಸೆಗೆ ಹಿಂದುಳಿದವರಿಗೆ ಟಿ.ಸಿ. ಕೊಟ್ಟು ಕಳುಹಿಸುವ ಶಾಲೆಗಳು ಇಲ್ಲದಿಲ್ಲ.

ಪ್ರಶ್ನೆ ಕೇಳಿದವರು:
ಅರ್ಜಿ ಕೊಟ್ಟಿಲ್ಲ, ಶಾಲೆ ಅಲ್ಪಸಂಖ್ಯಾತ ಸಂಸ್ಥೆಯದೂ ಅಲ್ಲ. ಗಲಾಟೆಯಾದದ್ದು ಇಂಗ್ಲಿಷ್ ಪೀರಿಯಡ್‌ನಲ್ಲಿ. ಸೋಮವಾರ ಆ ಶಿಕ್ಷಕರನ್ನು ಭೇಟಿಯಾಗಿ, ಅಲ್ಲಿ ಆಗದಿದ್ದರೆ ಬಿಇಒ ಕಚೇರಿಗೆ ಹೋಗುತ್ತೇನೆ.