ಈ ಪರಮಾಣು ಇವತ್ತೇ ಯಾಕೆ ಒಡೆಯಿತು?

ಪಿಯು ಮೇಷ್ಟ್ರು, ಹಾಸನ:
ತರಗತಿಯಲ್ಲಿ ಕಾರ್ಬನ್-14ರ ಅರ್ಧಾಯು (ಅರ್ಧದಷ್ಟು ಪರಮಾಣುಗಳು ಒಡೆಯಲು ಹಿಡಿಯುವ ಕಾಲ) 5,730 ವರ್ಷ ಅಂತ ಬರೆದೆ. ಒಬ್ಬಳು ಹುಡುಗಿ ಎದ್ದು ಕೇಳಿದಳು: "ಸರ್, ಎರಡು ಪರಮಾಣು ಥೇಟ್ ಒಂದೇ ಥರ ಇವೆ. ಒಂದು ಇವತ್ತು ಒಡೆಯುತ್ತೆ, ಇನ್ನೊಂದು ಸಾವಿರಾರು ವರ್ಷ ಹಾಗೇ ಇರುತ್ತೆ. ಯಾಕೆ?" ಸಂಭವನೀಯತೆ ಅಂದೆ. "ಅದು 'ಎಷ್ಟು' ಅನ್ನೋದಕ್ಕೆ ಉತ್ತರ ಸರ್" ಅಂದಳು. ಅವಳ ಮಾತು ಸರಿ ಅನ್ನಿಸಿತು. ಕಾರಣವೇ ಇಲ್ಲ ಅಂದರೆ ವಿಜ್ಞಾನ ಕೈಚೆಲ್ಲಿದ ಹಾಗಲ್ವಾ? ಜೀವಶಾಸ್ತ್ರದವರು ಏನಂತೀರಿ?

ಕ್ವಾಂಟಂ ಆಸಕ್ತ:
ಕಾರ್ಬನ್-14ರಲ್ಲಿ ನ್ಯೂಟ್ರಾನ್ ಜಾಸ್ತಿ ಇರುವುದರಿಂದ ಅದು ನೈಟ್ರೋಜನ್ ಆಗುತ್ತದೆ. ಇದಕ್ಕೆ ಕಾರಣ ಇದೆ. 'ಇವತ್ತೇ' ಅನ್ನುವುದಕ್ಕೆ ಮಾತ್ರ ಕ್ವಾಂಟಂ ಸಿದ್ಧಾಂತ ಕಾರಣ ಕೊಡುವುದಿಲ್ಲ. ಭೌತವಿಜ್ಞಾನಿ ಬೋಮ್ 1952ರಲ್ಲಿ ಈ ಸಿದ್ಧಾಂತಕ್ಕೆ ಎಲ್ಲವೂ ಮೊದಲೇ ನಿಗದಿ ಅನ್ನುವ ರೂಪ ಕೊಟ್ಟರು. ಆದರೆ ಅಲ್ಲಿ ಎಷ್ಟೇ ದೂರದ ಕಣಗಳೂ ಒಂದರ ಮೇಲೊಂದು ತಕ್ಷಣ ಪ್ರಭಾವ ಬೀರುತ್ತವೆ ಅಂತ ಒಪ್ಪಬೇಕು.

ಸೂಕ್ಷ್ಮಜೀವಿ ಲ್ಯಾಬ್:
ಮೇಷ್ಟ್ರೇ, ಕೈಚೆಲ್ಲಿದ ಹಾಗಲ್ಲ. ಜೀವವಿಜ್ಞಾನಿ ಲೆನ್ಸ್ಕಿ ಅವರ ಪ್ರಯೋಗ ನೋಡಿ. 1988ರಲ್ಲಿ ಅಮೆರಿಕದಲ್ಲಿ ಒಂದೇ ಇ. ಕೋಲಿ ಬ್ಯಾಕ್ಟೀರಿಯಾದ ಸಂತತಿಯನ್ನು 12 ಫ್ಲಾಸ್ಕ್‌ಗಳಲ್ಲಿ ಬೆಳೆಸಲು ಶುರು ಮಾಡಿದರು. ಆಹಾರ ಒಂದೇ, ಶಾಖ ಒಂದೇ. ದ್ರಾವಣದಲ್ಲಿ ಸಿಟ್ರೇಟ್ (ನಿಂಬೆಯ ಹುಳಿಯಲ್ಲಿರುವಂಥ ಪದಾರ್ಥ) ಕೂಡ ಇತ್ತು. ಆಮ್ಲಜನಕ ಇರುವಾಗ ಇ. ಕೋಲಿ ಅದನ್ನು ತಿನ್ನುವುದಿಲ್ಲ. ಸುಮಾರು 31,500 ತಲೆಮಾರು ಕಳೆದ ಮೇಲೆ ಒಂದೇ ಒಂದು ಫ್ಲಾಸ್ಕ್‌ನಲ್ಲಿ ತಿನ್ನುವುದು ಶುರುವಾಯಿತು.

ನನಗೆ ತುಂಬಾ ಇಷ್ಟವಾದದ್ದು ಮುಂದಿನ ಹೆಜ್ಜೆ. ಹಳೇ ತಲೆಮಾರುಗಳನ್ನು ಫ್ರೀಜರ್‌ನಲ್ಲಿ ಇಟ್ಟಿದ್ದರು. ಆ ಫ್ಲಾಸ್ಕ್‌ನವನ್ನೇ ಹೊರತೆಗೆದು ಮತ್ತೆ ಬೆಳೆಸಿದರು. 20,000ದ ಆಚೆಗಿನ ತಲೆಮಾರುಗಳಲ್ಲಿ ಕೆಲವು ಮತ್ತೆ ಸಿಟ್ರೇಟ್ ತಿಂದವು. ಅದಕ್ಕಿಂತ ಹಳೆಯವು ತಿನ್ನಲಿಲ್ಲ. ಅಂದರೆ ಮೊದಲೇ ಆಗಿದ್ದ ಮ್ಯುಟೇಶನ್‌ಗಳು (ಡಿಎನ್‌ಎ ಬದಲಾವಣೆಗಳು) ದಾರಿ ಮಾಡಿಕೊಟ್ಟಿದ್ದವು. ಆಮೇಲೆ ಸಿಟ್ರೇಟ್ ಒಳಗೆ ತರುವ ಜೀನ್ ಇಮ್ಮಡಿಯಾಗಿ, ಆಮ್ಲಜನಕದಲ್ಲೂ ಚಾಲೂ ಆಗುವ ಜಾಗಕ್ಕೆ ಬಂತು. ಮುಂಚೆ ಯಾರೂ ಇದನ್ನು ಹೇಳಲು ಆಗುತ್ತಿರಲಿಲ್ಲ. ಆದರೂ ವಿವರಣೆ ಗಟ್ಟಿ. ಮುಂಚೆ ಹೇಳುವುದು, ಆದ ಮೇಲೆ ವಿವರಿಸುವುದು, ಇವು ಎರಡು ಬೇರೆ ಕೆಲಸ.

ಪಿಯು ಮೇಷ್ಟ್ರು, ಹಾಸನ:
ಚೆನ್ನಾಗಿದೆ. ಆದರೆ ಆ ಮ್ಯುಟೇಶನ್ ಆದ ಕ್ಷಣ? ಅದೂ ಕಾರ್ಬನ್ ಥರವೇ ಅಲ್ವಾ?

ಸೂಕ್ಷ್ಮಜೀವಿ ಲ್ಯಾಬ್:
ಆ ಕ್ಷಣಕ್ಕೆ ನನ್ನ ಹತ್ತಿರವೂ ಕಾರಣ ಇಲ್ಲ. ಆದರೆ ನಾವು 'ಆಕಸ್ಮಿಕ' ಅನ್ನುವುದು ಬೇರೆ ಅರ್ಥದಲ್ಲಿ. 1943ರಲ್ಲಿ ವಿಜ್ಞಾನಿಗಳಾದ ಲೂರಿಯಾ, ಡೆಲ್‌ಬ್ರಕ್ ಬ್ಯಾಕ್ಟೀರಿಯಾಗಳ ಮೇಲೆ ವೈರಸ್ ಬಿಟ್ಟರು. ಬದುಕಿದವುಗಳ ಲೆಕ್ಕ ಒಂದೊಂದು ಟ್ಯೂಬಿಗೂ ವಿಪರೀತ ಬೇರೆ ಇತ್ತು. ವೈರಸ್ಸೇ ಮ್ಯುಟೇಶನ್ ತಂದಿದ್ದರೆ ಎಲ್ಲ ಟ್ಯೂಬಲ್ಲೂ ಲೆಕ್ಕ ಹೆಚ್ಚುಕಮ್ಮಿ ಒಂದೇ ಇರಬೇಕಿತ್ತು. ವೈರಸ್ ಬರುವ ಮುಂಚೆಯೇ ಮ್ಯುಟೇಶನ್ ಆಗಿತ್ತು ಅಂತ ಅದರಿಂದ ಗೊತ್ತಾಯಿತು. ಜೀವಿಗೆ ಬೇಕು ಅಂತ ಅದು ಆಗುವುದಿಲ್ಲ, ಅಷ್ಟೇ ನಮ್ಮ ಮಾತು. ಡಿಎನ್‌ಎ ನಕಲಿನ ತಪ್ಪು ರಸಾಯನಶಾಸ್ತ್ರದ ಪ್ರಕಾರ ಮೊದಲೇ ನಿಗದಿ ಅಂತ ನಾಳೆ ತೋರಿಸಿದರೂ, ನಾವು ಅದನ್ನು ಆಕಸ್ಮಿಕ ಅಂತಲೇ ಕರೆಯುತ್ತೇವೆ.