ಅಮೆರಿಕದ ಪಿಎಸ್‌ಎನ್ ಅಕೌಂಟ್ ಬಿಟ್ಟು ಇಂಡಿಯಾ ಅಕೌಂಟ್ ಮಾಡಿದೆ, ಹಳೇ ಗೇಮ್‌ಗಳಿಗೆಲ್ಲ ಬೀಗ ಬಿದ್ದಿದೆ

ಹಳೇಡಿಸ್ಕ್

ಎಲ್ಲರಿಗೂ ನಮಸ್ಕಾರ. ನ್ಯೂಜೆರ್ಸಿಯಲ್ಲಿ ಕೆಲಸದಲ್ಲಿದ್ದೆ, ಈಗ ಮೈಸೂರಿಗೆ ವಾಪಸ್ ಬಂದಿದ್ದೇನೆ. ಅಲ್ಲಿದ್ದಾಗ ಮಾಡಿದ ಪಿಎಸ್‌ಎನ್ (ಪ್ಲೇಸ್ಟೇಷನ್ ನೆಟ್‌ವರ್ಕ್, ಅಂದರೆ ಸೋನಿಯ ಆನ್‌ಲೈನ್ ಗೇಮ್ ಸೇವೆ) ಅಕೌಂಟ್ ಅಮೆರಿಕದ್ದು. ಗೇಮ್‌ಗಳನ್ನು ಜಾಸ್ತಿ ಡಿಜಿಟಲ್ ಆಗಿಯೇ ಕೊಂಡಿದ್ದು, ಡಿಸ್ಕ್ ಇರೋದು ಬೆರಳೆಣಿಕೆಯಷ್ಟು. ಅಲ್ಲಿನ ಪಿಎಸ್5 (ಪ್ಲೇಸ್ಟೇಷನ್ 5) ಗೇಮ್ ಕನ್ಸೋಲನ್ನು ರೂಮ್‌ಮೇಟ್‌ಗೆ ಕೊಟ್ಟು ಬಂದೆ, ಇಲ್ಲಿ ಹೊಸದು ತೊಗೊಂಡೆ.

ಹಳೇ ಅಕೌಂಟ್‌ನಲ್ಲಿ ಇಲ್ಲಿನ ಕಾರ್ಡ್ ನಡೆಯುತ್ತಿಲ್ಲ. ದೇಶ ಬದಲಾಯಿಸೋ ಆಪ್ಷನ್ ಹುಡುಕಿದೆ, ಎಲ್ಲೂ ಇಲ್ಲ. ಹಾಗಾಗಿ ಬೇರೆ ಇಮೇಲ್ ಹಾಕಿ ಇಂಡಿಯಾ ಅಕೌಂಟ್ ಮಾಡಿದೆ. ಹಳೇ ಅಕೌಂಟ್‌ನಿಂದ ಲಾಗಿನ್ ಆಗಿ ಗೇಮ್‌ಗಳನ್ನು ಡೌನ್‌ಲೋಡ್ ಮಾಡಿಟ್ಟಿದ್ದೇನೆ. ಅದರಲ್ಲೇ ಆಡಿದರೆ ಎಲ್ಲ ಓಡುತ್ತವೆ. ಹೊಸ ಅಕೌಂಟ್‌ಗೆ ಬಂದರೆ ಒಂದೊಂದು ಐಕಾನ್ ಮೇಲೂ ಬೀಗದ ಗುರುತು.

ಈ ಗೇಮ್‌ಗಳನ್ನು ಹೊಸ ಅಕೌಂಟ್‌ಗೆ ವರ್ಗಾಯಿಸಲು ದಾರಿ ಇದೆಯಾ? ಸೇವ್‌ಗಳ (ಆಟದಲ್ಲಿ ಎಲ್ಲಿವರೆಗೆ ಬಂದಿದ್ದೇನೆ ಅನ್ನೋ ದಾಖಲೆ) ಗತಿ ಏನು? ಹಳೇ ಅಕೌಂಟ್‌ನ ವ್ಯಾಲೆಟ್‌ನಲ್ಲಿ 23 ಡಾಲರ್ ಬೇರೆ ಉಳಿದಿದೆ.

ಕಂಟ್ರೋಲರ್_ಕಿಟ್ಟಿ

ಮೊದಲು ಕೆಟ್ಟ ಸುದ್ದಿ ಹೇಳಿಬಿಡ್ತೀನಿ ಸರ್. ವರ್ಗಾವಣೆ ಇಲ್ಲ. ಪಿಎಸ್‌ಎನ್‌ನಲ್ಲಿ ಅಕೌಂಟ್ ಮಾಡುವಾಗ ಕೊಟ್ಟ ದೇಶ ಕೊನೆವರೆಗೂ ಅದೇ. ಕೊಂಡ ಗೇಮ್, ವ್ಯಾಲೆಟ್ ದುಡ್ಡು, ಟ್ರೋಫಿ (ಆಟದಲ್ಲಿ ಗುರಿ ಮುಟ್ಟಿದಾಗ ಸಿಗೋ ಗುರುತು) ಎಲ್ಲವೂ ಆ ಅಕೌಂಟ್‌ಗೇ ಅಂಟಿಕೊಂಡಿರುತ್ತವೆ. ಎರಡು ಅಕೌಂಟ್ ಸೇರಿಸಿ ಒಂದು ಮಾಡೋಕೂ ಆಗಲ್ಲ. ಲಾಗಿನ್ ಇಮೇಲ್ ಬದಲಾಯಿಸಬಹುದು, ಆನ್‌ಲೈನ್ ಐಡಿಯನ್ನೂ ಬದಲಾಯಿಸಬಹುದು (2019ರಿಂದ ಬಿಟ್ಟಿದ್ದಾರೆ, ಮೊದಲ ಸಲ ಫ್ರೀ). ದೇಶ ಮಾತ್ರ ಆಗಲ್ಲ.

ಆದರೆ ನಿಮಗೆ ಬೇಕಿರೋದು ಹೊಸ ಅಕೌಂಟ್‌ನಲ್ಲಿ ಕೂತು ಹಳೇ ಗೇಮ್ ಆಡೋದು ತಾನೆ? ಅದಕ್ಕೆ ವರ್ಗಾವಣೆ ಬೇಕಾಗಿಯೇ ಇಲ್ಲ. ಪಿಎಸ್5ನಲ್ಲಿ "ಕನ್ಸೋಲ್ ಶೇರಿಂಗ್ ಅಂಡ್ ಆಫ್‌ಲೈನ್ ಪ್ಲೇ" ಅಂತ ಒಂದು ಸೆಟ್ಟಿಂಗ್ ಇದೆ. ಹಳೇ ಅಕೌಂಟ್‌ಗೆ ಅದು ಈ ಕನ್ಸೋಲ್‌ನಲ್ಲಿ ಆನ್ ಇದ್ದರೆ, ಇದೇ ಕನ್ಸೋಲ್‌ನ ಬೇರೆ ಯಾವ ಯೂಸರ್ ಬೇಕಾದರೂ ಆ ಗೇಮ್ ಆಡಬಹುದು. ಟ್ರೋಫಿ, ಸೇವ್ ಆಡಿದವರ ಹೆಸರಿಗೇ ಬರುತ್ತೆ.

ನಿಮ್ಮಲ್ಲಿ ಬೀಗ ಯಾಕೆ ಬಿತ್ತು ಅಂದ್ರೆ, ಆ ಸೆಟ್ಟಿಂಗ್ ಇನ್ನೂ ನ್ಯೂಜೆರ್ಸಿಯ ಪಿಎಸ್5 ಮೇಲಿದೆ. ನೀವು ಯಾವತ್ತೂ ಅದನ್ನು ಮುಟ್ಟಿರಲಿಕ್ಕಿಲ್ಲ, ಮೊದಲ ಪಿಎಸ್5ನಲ್ಲಿ ಲಾಗಿನ್ ಆದಾಗಲೇ ತಾನಾಗಿ ಆನ್ ಆಗಿರುತ್ತೆ. ಒಂದು ಅಕೌಂಟ್‌ಗೆ ಒಂದು ಪಿಎಸ್5 ಅಷ್ಟೇ. ಬೀಗದ ಕೈ ರೂಮ್‌ಮೇಟ್ ಮನೆಯಲ್ಲಿದೆ, ನೀವು ಇಲ್ಲಿ ಬಾಗಿಲು ತಳ್ಳುತ್ತಿದ್ದೀರಿ.

ಮಾಡಬೇಕಾದದ್ದು: ಹಳೇ ಅಕೌಂಟ್‌ನ ಯೂಸರ್ ಆಗಿ ಸೆಟ್ಟಿಂಗ್ಸ್ > ಯೂಸರ್ಸ್ ಅಂಡ್ ಅಕೌಂಟ್ಸ್ > ಅದರ್‌ಗೆ ಹೋಗಿ ಅಲ್ಲಿ ಆನ್ ಮಾಡಲು ನೋಡಿ. ಒಪ್ಪದಿದ್ದರೆ ರೂಮ್‌ಮೇಟ್‌ಗೆ ಹೇಳಿ ಅಲ್ಲಿ ಆಫ್ ಮಾಡಿಸಿ. ಅದೂ ಆಗದಿದ್ದರೆ ಬ್ರೌಸರ್‌ನಲ್ಲಿ ಅಕೌಂಟ್ ಮ್ಯಾನೇಜ್‌ಮೆಂಟ್ ತೆರೆದು, ಡಿವೈಸ್ ಮ್ಯಾನೇಜ್‌ಮೆಂಟ್‌ನಲ್ಲಿ ಎಲ್ಲ ಡಿವೈಸ್‌ಗಳನ್ನೂ ಡೀಆಕ್ಟಿವೇಟ್ ಮಾಡಿ. ಈ ಕೊನೆಯದನ್ನು 6 ತಿಂಗಳಿಗೆ ಒಂದೇ ಸಲ ಮಾಡಬಹುದು, ಸುಮ್ನೆ ಒತ್ತಿ ನೋಡಬೇಡಿ. ಆಮೇಲೆ ಇಲ್ಲಿ ಶೇರಿಂಗ್ ಆನ್ ಮಾಡಿ, ಅದೇ ಮೆನುವಿನಲ್ಲಿರೋ "ರಿಸ್ಟೋರ್ ಲೈಸೆನ್ಸಸ್" ಒಮ್ಮೆ ಓಡಿಸಿ.

ರೂಮ್‌ಮೇಟ್‌ಗೆ ಮೊದಲೇ ಒಂದು ಮಾತು ಹೇಳಿ. ಅವರು ನಿಮ್ಮ ಗೇಮ್‌ಗಳನ್ನು ಅವರ ಅಕೌಂಟ್‌ನಲ್ಲಿ ಆಡ್ತಾ ಇದ್ದರೆ ಬೀಗ ಈಗ ಆ ಕಡೆ ಬೀಳುತ್ತೆ.

ಗೇಮ್‌ಗುರು_ತುಮಕೂರು

ಇಷ್ಟೆಲ್ಲ ಯಾಕೆ ಬ್ರೋ. ಹಳೇ ಅಕೌಂಟ್ ಯಾರಿಗಾದರೂ ಮಾರಿಬಿಡಿ. ಆ ದುಡ್ಡಲ್ಲಿ ಟೆಲಿಗ್ರಾಂನಲ್ಲಿ "ಪ್ರೈಮರಿ ಅಕೌಂಟ್" ತೊಗೊಂಡ್ರೆ ಅದೇ ಗೇಮ್ ಕಾಲು ರೇಟಿಗೆ ಸಿಗುತ್ತೆ.

ಸುಮಾ_ಎಲ್2ಆರ್2

ದಯವಿಟ್ಟು ಈ ಸಲಹೆ ತೊಗೋಬೇಡಿ. ಅಕೌಂಟ್ ಮಾರೋದು, ಬಾಡಿಗೆಗೆ ಕೊಡೋದು ಎರಡೂ ನಿಯಮಕ್ಕೆ ವಿರುದ್ಧ. ಅದು ಒಂದು ಕಡೆ ಇರಲಿ, ಈ "ಪ್ರೈಮರಿ" ವ್ಯಾಪಾರ ನಡೆಯೋದು ಹೇಗೆ ಅಂತ ನೋಡಿ. ಮಾರೋನು ಒಂದು ಅಕೌಂಟ್‌ನಲ್ಲಿ ಗೇಮ್ ಕೊಳ್ತಾನೆ. ಅದರ ಶೇರಿಂಗ್ ಅನ್ನು ನಿಮ್ಮ ಕನ್ಸೋಲ್‌ನಲ್ಲಿ ಆನ್ ಮಾಡಿಸಿ ಅದಕ್ಕೆ "ಪ್ರೈಮರಿ" ಅಂತಾನೆ. ಲಾಗಿನ್ ಆಗಿಯೇ ಆಡಬೇಕಾದ ಇನ್ನೊಂದು ಜಾಗವನ್ನು ಬೇರೊಬ್ಬರಿಗೆ "ಸೆಕೆಂಡರಿ" ಅಂತ ಮಾರ್ತಾನೆ. ಪಾಸ್‌ವರ್ಡ್ ಅವನ ಕೈಯಲ್ಲೇ ಇರುತ್ತೆ. ಕಿಟ್ಟಿ ಹೇಳಿದ ಆ 6 ತಿಂಗಳ ಬಟನ್ ಇದೆಯಲ್ಲ, ಅದನ್ನು ಅವನು ಒತ್ತಿದ ಅಂದ್ರೆ ನಿಮ್ಮ ಗೇಮ್‌ಗೆ ಬೀಗ. ಅಷ್ಟು ಹೊತ್ತಿಗೆ ಟೆಲಿಗ್ರಾಂ ಗ್ರೂಪಿನಿಂದ ನಿಮ್ಮನ್ನು ಹೊರಗೆ ಹಾಕಿರ್ತಾನೆ. ಯಾರಿಗೆ ದೂರು ಕೊಡ್ತೀರಿ? ಬಿಲ್ಲೂ ಇಲ್ಲ, ಅಕೌಂಟೂ ನಿಮ್ಮದಲ್ಲ.

ಹಳೇಡಿಸ್ಕ್ ಅವರೇ, ನಿಮಗೆ ಇನ್ನೊಂದು ತುರ್ತು ಕೆಲಸ ಇದೆ. ಟು-ಸ್ಟೆಪ್ ವೆರಿಫಿಕೇಷನ್ ಕೋಡ್ (ಲಾಗಿನ್ ಒಟಿಪಿ) ಯಾವ ನಂಬರ್‌ಗೆ ಬರುತ್ತೆ? ಅಮೆರಿಕದ ನಂಬರ್ ಆಗಿದ್ದರೆ ಆ ಸಿಮ್ ಬಂದ್ ಆಗೋ ಮೊದಲೇ ಅಥೆಂಟಿಕೇಟರ್ ಆ್ಯಪ್‌ಗೆ (ಫೋನ್‌ನಲ್ಲೇ ಕೋಡ್ ತೋರಿಸೋ ಆ್ಯಪ್) ಬದಲಾಯಿಸಿ, ಬ್ಯಾಕಪ್ ಕೋಡ್‌ಗಳನ್ನು ಎಲ್ಲಾದರೂ ಬರೆದಿಟ್ಟುಕೊಳ್ಳಿ. ಪಾಸ್‌ವರ್ಡ್ ಬದಲು ಫೋನ್‌ನ ಬೆರಳಚ್ಚು, ಮುಖ ಅಥವಾ ಪಿನ್‌ನಿಂದ ಲಾಗಿನ್ ಆಗೋ ಪಾಸ್‌ಕೀ ಕೂಡ ಇಡಬಹುದು. ಇಮೇಲ್ ಹಳೇ ಆಫೀಸಿಂದಾಗಿದ್ದರೆ ಅದನ್ನೂ ಬದಲಾಯಿಸಿ. ದೇಶ ಬಿಟ್ಟು ಬಂದವರು ಅಕೌಂಟ್ ಕಳ್ಕೊಳ್ಳೋದು ಹೆಚ್ಚಾಗಿ ಹೀಗೇ. ಗೇಮ್ ಎಲ್ಲಿಗೂ ಹೋಗಿರಲ್ಲ, ಒಟಿಪಿ ಬರಲ್ಲ ಅಷ್ಟೆ.

ಹಳೇಡಿಸ್ಕ್

ಸುಮಾ ಮೇಡಂ, ನಂಬರ್ ಅಮೆರಿಕದ್ದೇ ಇತ್ತು! ಸಿಮ್ ಇನ್ನೂ ಜೀವಂತ ಇದೆ, ಈಗಷ್ಟೇ ಆ್ಯಪ್‌ಗೆ ಬದಲಾಯಿಸಿದೆ. ತುಂಬಾ ಥ್ಯಾಂಕ್ಸ್.

ಕಿಟ್ಟಿ ಅವರೇ, ರೂಮ್‌ಮೇಟ್‌ಗೆ ಫೋನ್ ಮಾಡಿದೆ. ಅವನೇ ಅಲ್ಲಿ ಆಫ್ ಮಾಡಿ ನನ್ನ ಯೂಸರ್ ಡಿಲೀಟ್ ಮಾಡಿದ, ಹಾಗಾಗಿ 6 ತಿಂಗಳ ಬಟನ್ ಉಳಿಯಿತು. ಇಲ್ಲಿ ಆನ್ ಮಾಡಿ ಲೈಸೆನ್ಸ್ ರಿಸ್ಟೋರ್ ಮಾಡಿದೆ. ಬೀಗಗಳೆಲ್ಲ ಹೋದವು, ಎರಡು ತೊಂದರೆ ಬಿಟ್ಟು.

ಒಂದು, ಪಿಎಸ್ ಪ್ಲಸ್‌ನಲ್ಲಿ (ಸೋನಿಯ ಚಂದಾ ಸೇವೆ) ತಿಂಗಳು ತಿಂಗಳು ಸಿಕ್ಕಿದ್ದ ಗೇಮ್‌ಗಳು ಈಗ ಹಳೇ ಅಕೌಂಟ್‌ನಲ್ಲೂ ತೆರೆಯುತ್ತಿಲ್ಲ. ಎರಡು, ಅಲ್ಲಿಂದ ತಂದ ಡಿಸ್ಕ್ ಗೇಮ್ ಒಂದಕ್ಕೆ ಇಂಡಿಯಾ ಸ್ಟೋರ್‌ನಲ್ಲಿ ಡಿಎಲ್‌ಸಿ (ಗೇಮ್‌ಗೆ ಆಮೇಲೆ ಸೇರಿಸೋ ಹೆಚ್ಚುವರಿ ಭಾಗ) ನೋಡಿದೆ, ರೂಪಾಯಿಯಲ್ಲೇ ಇದೆ. ಕೊಳ್ಳಲಾ?

ಕಂಟ್ರೋಲರ್_ಕಿಟ್ಟಿ

ಡಿಎಲ್‌ಸಿ ಕೊಳ್ಳಬೇಡಿ! ಮೊದಲು ಡಿಸ್ಕ್ ಬಾಕ್ಸ್ ಮುಂಭಾಗ, ಕೆಳಗಿನ ಮೂಲೆ ನೋಡಿ. ಕಪ್ಪು ಬಿಳುಪಿನ ಚೌಕದಲ್ಲಿ ಟಿ ಅಥವಾ ಎಂ ಥರ ಅಕ್ಷರ ಇದೆಯಾ? ಅದು ಇಎಸ್‌ಆರ್‌ಬಿ ರೇಟಿಂಗ್ (ಯಾವ ವಯಸ್ಸಿನವರಿಗೆ ಅನ್ನೋ ಗುರುತು), ಅಂದ್ರೆ ಅಮೆರಿಕದ ಡಿಸ್ಕ್. ಇಲ್ಲಿನ ಅಂಗಡಿಯ ಡಿಸ್ಕ್‌ಗಳಲ್ಲಿ ಸಾಮಾನ್ಯವಾಗಿ ಬಣ್ಣದ ಚೌಕದಲ್ಲಿ 12, 16, 18 ಅಂತ ಅಂಕಿ ಇರುತ್ತೆ. ಅದು ಯುರೋಪಿನ ಪೆಗಿ ರೇಟಿಂಗ್. ಡಿಸ್ಕ್ ಯಾವ ದೇಶದ ಪಿಎಸ್5ನಲ್ಲಾದರೂ ಓಡುತ್ತೆ. ಅದಕ್ಕೆ ಹಾಕೋ ಡಿಎಲ್‌ಸಿ ಮಾತ್ರ ಡಿಸ್ಕ್‌ನ ರೀಜನ್‌ದೇ ಆಗಬೇಕು. ಅಮೆರಿಕದ ಡಿಸ್ಕ್‌ಗೆ ಇಂಡಿಯಾ ಸ್ಟೋರ್‌ನ ಡಿಎಲ್‌ಸಿ ಕೊಂಡರೆ ದುಡ್ಡು ಹೋಗುತ್ತೆ, ಗೇಮ್‌ನಲ್ಲಿ ಏನೂ ಬರಲ್ಲ.

ಡಿಜಿಟಲ್ ಗೇಮ್‌ಗೂ ಇದೇ ಲೆಕ್ಕ. ಹಳೇ ಅಕೌಂಟ್‌ನಲ್ಲಿ ಕೊಂಡ ಗೇಮ್‌ನ ಡಿಎಲ್‌ಸಿಯನ್ನು ಹಳೇ ಅಕೌಂಟ್‌ನಲ್ಲೇ ಕೊಳ್ಳಿ. ಶೇರಿಂಗ್ ಆನ್ ಇರೋದರಿಂದ ಹೊಸ ಯೂಸರ್‌ನಲ್ಲೂ ಕೆಲಸ ಮಾಡುತ್ತೆ. ನಿಮ್ಮ 23 ಡಾಲರ್‌ಗೆ ಇದಕ್ಕಿಂತ ಒಳ್ಳೆ ದಾರಿ ಇಲ್ಲ, ಯಾಕಂದ್ರೆ ಅದು ವ್ಯಾಲೆಟ್‌ನಿಂದ ಹೊರಗೆ ಬರಲ್ಲ. ಕಡಿಮೆ ಬಿದ್ದರೆ ಅಮೆರಿಕದ ಗಿಫ್ಟ್ ಕಾರ್ಡ್ ಬೇಕು, ಇಂಡಿಯಾ ಕಾರ್ಡ್‌ನ ಕೋಡ್ ಅಲ್ಲಿ ತೊಗೊಳಲ್ಲ. ಗೇಮ್‌ನೊಳಗಿನ ಕಾಯಿನ್, ಪಾಯಿಂಟ್ ಥರದ್ದು ಶೇರ್ ಆಗಲ್ಲ, ಕೊಂಡ ಅಕೌಂಟ್‌ಗೇ ಉಳಿಯುತ್ತೆ.

ಪ್ಲಸ್ ಗೇಮ್‌ಗಳ ವಿಷಯ: ಹಳೇ ಅಕೌಂಟ್‌ನ ಚಂದಾ ಮುಗಿದಿರಬೇಕು, ನೋಡಿ. ತಿಂಗಳ ಗೇಮ್‌ಗಳು ಚಂದಾ ಇರುವವರೆಗೆ ಮಾತ್ರ. ಮುಗಿದರೆ ಬೀಗ, ಅದೇ ಅಕೌಂಟ್‌ನಲ್ಲಿ ಮತ್ತೆ ಕಟ್ಟಿದರೆ ತೆರೆಯುತ್ತವೆ. ಇಂಡಿಯಾ ಅಕೌಂಟ್‌ನಲ್ಲಿ ಪ್ಲಸ್ ಹಾಕಿಸಿದರೂ ಅವು ಬರಲ್ಲ.

ಬೆಳಗಾವಿ_ಬಟನ್

ಇದರ ನಡುವೆ ನಂದೊಂದು ರೀ. ನಿನ್ನೆ ಅಕೌಂಟ್ ಬದಲಾಗಿದ್ದು ನೋಡದೇ ತಮ್ಮ ನನ್ನ ಅಕೌಂಟ್‌ನಲ್ಲಿ ಗೇಮ್ ಕೊಂಡುಬಿಟ್ಟಿದ್ದಾನೆ. ವಾಪಸ್ ಆಗುತ್ತಾ?

ಸುಮಾ_ಎಲ್2ಆರ್2

ಡೌನ್‌ಲೋಡ್ ಶುರುವಾಗಿಲ್ಲ ಅಂದ್ರೆ ಕೊಂಡ 14 ದಿನದೊಳಗೆ ರೀಫಂಡ್ ಕೇಳಬಹುದು. ಶುರುವಾಗಿದ್ದರೆ ಗೇಮ್‌ನಲ್ಲೇ ದೋಷ ಇದ್ದ ಹೊರತು ಕಷ್ಟ. ತೊಡಕು ಏನಂದ್ರೆ ಕನ್ಸೋಲ್ ಎಷ್ಟೋ ಸಲ ತಾನೇ ಡೌನ್‌ಲೋಡ್ ಶುರು ಮಾಡಿಬಿಡುತ್ತೆ. ಈಗಲೇ ನೋಡಿ. ಅಷ್ಟಾಗಿಯೂ ಇಬ್ಬರದೂ ಒಂದೇ ಕನ್ಸೋಲ್ ಆಗಿದ್ದರೆ ನಿಮ್ಮ ಅಕೌಂಟ್ ಶೇರಿಂಗ್ ಆನ್ ಇಡಿ, ಅವನ ಯೂಸರ್‌ನಲ್ಲೇ ಆಡ್ತಾನೆ. ರೀಫಂಡ್ ಗೊಡವೆಯೇ ಬೇಡ.

ಹಳೇಡಿಸ್ಕ್

ಸರಿ, ಬಾಕ್ಸ್ ನೋಡಿದೆ, ಎಂ ಅಂತ ಇದೆ. ಡಿಎಲ್‌ಸಿ ಹಳೇ ಅಕೌಂಟ್‌ನಲ್ಲೇ 23 ಡಾಲರ್ ಒಳಗೆ ಮುಗಿಯಿತು. ಹೊಸ ಯೂಸರ್‌ನಲ್ಲಿ ಡಿಸ್ಕ್ ಹಾಕಿದೆ, ಬಂತು! ಈಗ ಸೇವ್ ಬಗ್ಗೆ ಹೇಳಿ. ಒಂದು ಗೇಮ್‌ನಲ್ಲಿ ಮುಕ್ಕಾಲು ಭಾಗ ದಾಟಿದ್ದೇನೆ, ಮತ್ತೆ ಮೊದಲಿಂದ ಆಡೋಕೆ ಮನಸ್ಸಿಲ್ಲ.

ಕಂಟ್ರೋಲರ್_ಕಿಟ್ಟಿ

ಆ ಗೇಮನ್ನು ಹಳೇ ಯೂಸರ್‌ನಲ್ಲೇ ಮುಗಿಸಿ. ಸೇವ್ ಅಕೌಂಟ್ ದಾಟಲ್ಲ. ಪಿಎಸ್5 ಗೇಮ್‌ನ ಸೇವ್ ಯುಎಸ್‌ಬಿಗೆ ಕಾಪಿಯೇ ಆಗಲ್ಲ. ಪಿಎಸ್4 ಗೇಮ್‌ನದ್ದು ಆಗುತ್ತೆ, ಆದರೆ ಅದೇ ಅಕೌಂಟ್‌ಗೆ ಮಾತ್ರ ವಾಪಸ್ ಹಾಕಬಹುದು. ಪ್ಲಸ್‌ನ ಕ್ಲೌಡ್ ಸೇವ್ ಕೂಡ ಹಾಗೇ.

ಗೇಮ್ ಕಂಪನಿಯದ್ದೇ ಅಕೌಂಟ್‌ಗೆ ಕೂಡಿಸಿ ಆಡುವ ಆನ್‌ಲೈನ್ ಗೇಮ್‌ಗಳ ದಾರಿ ಬೇರೆ. ಫೋರ್ಟ್‌ನೈಟ್ ಪ್ರಗತಿ ಅದರ ಕಂಪನಿ ಎಪಿಕ್‌ನ ಅಕೌಂಟ್‌ನಲ್ಲಿರುತ್ತೆ, ಪಿಎಸ್‌ಎನ್‌ನಲ್ಲಲ್ಲ. ಇಂಥವನ್ನು ಹಳೇ ಪಿಎಸ್‌ಎನ್‌ನಿಂದ ಬಿಡಿಸುವ ಮುಂಚೆ ಆಯಾ ಗೇಮ್‌ನ ಹೆಲ್ಪ್ ಪೇಜ್ ಓದಿ. ಕೆಲವದ್ದನ್ನು ಒಮ್ಮೆ ಬಿಡಿಸಿದರೆ ಮತ್ತೆ ಬೇರೆಯದಕ್ಕೆ ಕೂಡಿಸಲು ಬಿಡಲ್ಲ.

ದೋಸೆ_ಡಿಪ್ಯಾಡ್

ಪಿಸಿ ಗೇಮ್‌ಗಳ ಆನ್‌ಲೈನ್ ಅಂಗಡಿ ಸ್ಟೀಮ್‌ನಲ್ಲಿ ಈ ಗೋಳು ಇಲ್ಲ ಅಲ್ವಾ? ದುಬೈನಿಂದ ಬೆಂಗಳೂರಿಗೆ ಬರ್ತಾ ಇದ್ದೀನಿ. ನನ್ನದೂ ಹೆಂಡತಿಯದೂ ಬೇರೆ ಬೇರೆ ಅಕೌಂಟ್.

ಸುಮಾ_ಎಲ್2ಆರ್2

ದೇಶದ ಗೋಳು ಇಲ್ಲ. ಇಲ್ಲಿಗೆ ಬಂದ ಮೇಲೆ ಇಲ್ಲಿನ ಕಾರ್ಡ್ ಅಥವಾ ಯುಪಿಐನಲ್ಲಿ ಏನಾದರೂ ಕೊಂಡರೆ ಸ್ಟೋರ್ ಇಂಡಿಯಾಕ್ಕೆ ಬದಲಾಗುತ್ತೆ, ಅಕೌಂಟ್ ಅದೇ, ಗೇಮ್ ಅವೇ. ಪ್ರವಾಸದಲ್ಲಿದ್ದಾಗ ಕಡಿಮೆ ರೇಟ್ ಅಂತ ದೇಶ ಬದಲಾಯಿಸಬೇಡಿ, 3 ತಿಂಗಳಿಗೆ ಒಂದೇ ಸಲ ಬಿಡ್ತಾರೆ. ಮೈಕ್ರೋಸಾಫ್ಟ್‌ನ ಎಕ್ಸ್‌ಬಾಕ್ಸ್‌ನಲ್ಲೂ 3 ತಿಂಗಳಿಗೊಮ್ಮೆ ಬದಲಾಯಿಸಬಹುದು, ಅಲ್ಲಿ ಉಳಿದ ಬ್ಯಾಲೆನ್ಸ್ ಮಾತ್ರ ಹೊಸ ದೇಶಕ್ಕೆ ಬರಲ್ಲ.

ಎರಡು ಅಕೌಂಟ್ ಒಂದು ಮಾಡೋದು ಸ್ಟೀಮ್‌ನಲ್ಲೂ ಇಲ್ಲ. 2024ರಲ್ಲಿ ಬಂದ ಸ್ಟೀಮ್ ಫ್ಯಾಮಿಲೀಸ್‌ನಲ್ಲಿ ಒಂದೇ ಮನೆಯ 6 ಜನ ಲೈಬ್ರರಿ ಹಂಚಿಕೊಳ್ಳಬಹುದು. ನಿಮ್ಮಿಬ್ಬರಿಗೆ ಧಾರಾಳ ಸಾಕು. ಇಬ್ಬರೂ ಬೇರೆ ಬೇರೆ ಗೇಮ್ ಒಟ್ಟಿಗೆ ಆಡಬಹುದು, ಒಂದೇ ಗೇಮನ್ನು ಒಟ್ಟಿಗೆ ಆಡಬೇಕಾದರೆ ಎರಡು ಕಾಪಿ ಬೇಕು. ಸ್ನೇಹಿತರನ್ನು ಸೇರಿಸೋಕೆ ಹೋಗಬೇಡಿ. ಹೊರಗೆ ಹೋದವರು ಇನ್ನೊಂದು ಫ್ಯಾಮಿಲಿ ಸೇರೋಕೆ, ಹಿಂದಿನದಕ್ಕೆ ಸೇರಿದ ದಿನದಿಂದ 1 ವರ್ಷ ಆಗುವವರೆಗೆ ಕಾಯಬೇಕು. ಯಾರಾದರೂ ನಿಮ್ಮ ಗೇಮ್‌ನಲ್ಲಿ ಚೀಟ್ ಮಾಡಿ ಸಿಕ್ಕಿಬಿದ್ದರೆ ಆ ಗೇಮ್‌ನಲ್ಲಿ ನಿಮಗೂ ಬ್ಯಾನ್ ಬೀಳಬಹುದು.

ಹಳೇಡಿಸ್ಕ್

ಕೊನೇ ಪ್ರಶ್ನೆ ಕಿಟ್ಟಿ. ಇನ್ಮೇಲೆ ಪ್ಲಸ್ ಯಾವ ಅಕೌಂಟ್‌ನಲ್ಲಿ ಕಟ್ಟಲಿ? ಎರಡರಲ್ಲೂ ಕಟ್ಟೋಕೆ ಆಗಲ್ಲ.

ಕಂಟ್ರೋಲರ್_ಕಿಟ್ಟಿ

ಇಂಡಿಯಾದಲ್ಲಿ ಕಟ್ಟಿ. ರೂಪಾಯಿಯಲ್ಲಿ ಕಡಿಮೆ, ಗಿಫ್ಟ್ ಕಾರ್ಡ್ ತಲೆನೋವೂ ಇಲ್ಲ. ಈ ಅಕೌಂಟ್‌ಗೂ ಇದೇ ಕನ್ಸೋಲ್‌ನಲ್ಲಿ ಶೇರಿಂಗ್ ಆನ್ ಇದೆಯಾ ನೋಡಿಕೊಳ್ಳಿ. ಒಂದು ಕನ್ಸೋಲ್‌ನಲ್ಲಿ ಎಷ್ಟು ಅಕೌಂಟ್‌ಗಾದರೂ ಆನ್ ಇರಬಹುದು. ಆಗ ಹಳೇ ಯೂಸರ್‌ನಲ್ಲೂ ಆನ್‌ಲೈನ್ ಆಟ ನಡೆಯುತ್ತೆ. ಕ್ಲೌಡ್ ಸೇವ್ ಒಂದು ಮಾತ್ರ ಹೊಸ ಅಕೌಂಟ್‌ಗಷ್ಟೇ.

ಆ ತಿಂಗಳ ಗೇಮ್‌ಗಳಲ್ಲಿ ಬಿಡಲಾರದ್ದು ಇದ್ದರೆ, ಆಡಬೇಕು ಅನಿಸಿದಾಗ ಹಳೇದರಲ್ಲಿ ಒಂದೇ ತಿಂಗಳಿಗೆ ಪ್ಲಸ್ ಹಾಕಿಸಿ. ಮತ್ತೆ ಆಟೋ ರಿನ್ಯೂ ಆಫ್ ಮಾಡೋದು ಮರೀಬೇಡಿ. ಹೊಸ ಗೇಮ್ ಇನ್ನು ಇಂಡಿಯಾ ಅಕೌಂಟ್‌ನಲ್ಲೇ ಕೊಳ್ಳಿ. ಅಲ್ಲಿ 69.99 ಡಾಲರ್ ಇರೋ ಎಷ್ಟೋ ದೊಡ್ಡ ಗೇಮ್ ಇಲ್ಲಿ 4,999 ರೂಪಾಯಿ. ಹಳೇ ಯೂಸರನ್ನು ಮಾತ್ರ ಕನ್ಸೋಲ್‌ನಿಂದ ತೆಗೆಯಬೇಡಿ.