ಸಹಾಯ ಬೇಕು: ಒಣದ್ರಾಕ್ಷಿ ಸ್ಕೋನ್ ಉಬ್ಬುತ್ತಲೇ ಇಲ್ಲ

ಎಲ್ಲರಿಗೂ ನಮಸ್ಕಾರ. ನಾನು ಕಾಸರಗೋಡಿನ ಬದಿಯಡ್ಕ ಕಡೆಯವಳು. ಇಂಗ್ಲೆಂಡಿನವರು ಚಹಾದ ಜೊತೆ ಜಾಮ್, ಕೆನೆ ಹಚ್ಚಿ ತಿನ್ನುವ ಸ್ಕೋನ್ ಇದೆಯಲ್ವಾ, ಅದನ್ನು ಮಾಡಲು ಹೊರಟಿದ್ದೇನೆ. ಈಸ್ಟ್ ಬೇಡ, ಸುಲಭ ಅಂದುಕೊಂಡೆ. ಎರಡು ಸಲ ಮಾಡಿದರೂ ಸರಿಯಾಗಲಿಲ್ಲ.

225 ಗ್ರಾಂ ಮೈದಾ, ಎರಡೂವರೆ ಟೀ ಚಮಚ ಬೇಕಿಂಗ್ ಪೌಡರ್, 50 ಗ್ರಾಂ ಬೆಣ್ಣೆ, 25 ಗ್ರಾಂ ಸಕ್ಕರೆ, ಚಿಟಿಕೆ ಉಪ್ಪು, 150 ಮಿಲಿ ಹಾಲು. ಒಂದು ಹಿಡಿ ಒಣದ್ರಾಕ್ಷಿ, ಹೆಚ್ಚಿದ ನಾಲ್ಕು ಖರ್ಜೂರ. ಓವನ್ 220 ಡಿಗ್ರಿ, 15 ನಿಮಿಷ.

ತಣ್ಣಗಿನ ಬೆಣ್ಣೆಯನ್ನು ಬೆರಳ ತುದಿಯಲ್ಲಿ ಮೈದಾಕ್ಕೆ ಉಜ್ಜಿ ರವೆ ಥರ ಮಾಡಬೇಕು ಅಂತ ಗೊತ್ತು. ಆದರೆ ನಮ್ಮ ಈ ಸೆಕೆಯಲ್ಲಿ ಫ್ರಿಜ್ಜಿನಿಂದ ತೆಗೆದ ಐದೇ ನಿಮಿಷಕ್ಕೆ ಬೆಣ್ಣೆ ಕರಗಿ ಬೆರಳಿಗೆಲ್ಲ ಜಿಡ್ಡು. ಅಂಟುತ್ತದೆ ಅಂತ ಮತ್ತಷ್ಟು ಮೈದಾ ಹಾಕಿ ಚಪಾತಿ ಹಿಟ್ಟಿನ ಹಾಗೆ ನಾದಿದೆ. ಅದೇ ತಪ್ಪಾಯಿತೋ ಏನೋ. ಕಟ್ಟರ್ ಇಲ್ಲ, ಸ್ಟೀಲ್ ಲೋಟದಲ್ಲಿ ತಿರುಚಿ ತಿರುಚಿ ಕತ್ತರಿಸಿದೆ. ಬೆಂದ ಮೇಲೆ ಎಲ್ಲವೂ ಒಂದೇ ಕಡೆ ವಾಲಿ ಕೂತಿದ್ದವು. ಮೇಲಿದ್ದ ದ್ರಾಕ್ಷಿ ಕರಿದಾಗಿ ಕಹಿ. ಅತ್ತೆ ಒಂದು ಕಚ್ಚಿ, "ಇದು ರೊಟ್ಟಿಯಾ, ಬಿಸ್ಕತ್ತಾ?" ಅಂದರು. ನಗು ಬಂತು, ಬೇಜಾರೂ ಆಯಿತು.

ಬೆಣ್ಣೆಯನ್ನು ಫ್ರೀಜರಿನಲ್ಲಿ ಗಟ್ಟಿ ಮಾಡಿ ತುರಿದು ಹಾಕಿದರೆ ಆಗುತ್ತದಾ? ದ್ರಾಕ್ಷಿ ನೆನೆಸಿದರೆ ಹಿಟ್ಟು ನೀರಾಗುತ್ತದಾ? ನಾನು ಅರ್ಧ ಇಂಚು ದಪ್ಪಕ್ಕೆ ತಟ್ಟಿದ್ದು, ಕಡಿಮೆ ಆಯಿತಾ? ಕರಾವಳಿಯ ಸೆಕೆಯಲ್ಲಿ ಮಾಡಿ ಗೆದ್ದವರು ದಯವಿಟ್ಟು ಹೇಳಿ. ಭಾನುವಾರ ತಂಗಿ ಮಕ್ಕಳು ಬರುತ್ತಾರೆ, ಅಷ್ಟರೊಳಗೆ ಇನ್ನೊಂದು ಸಲ ನೋಡಬೇಕು.